ಹಾಫ್‌ಕಿನ್ ಲಸಿಕೆ 19 ಜನರನ್ನು ಕೊಂದಿತೇ?

ಮುಂಬೈಯ ಪರೇಲ್‌ನಲ್ಲಿರುವ ಹಾಫ್‌ಕಿನ್ ಇನ್‌ಸ್ಟಿಟ್ಯೂಟಿನ ಹೆಸರನ್ನು ನೀವು ಕೇಳಿರಬಹುದು. ಅದನ್ನು ಕಟ್ಟಿ ಬೆಳೆಸಿದ ವಿಜ್ಞಾನಿಯನ್ನೇ ಒಮ್ಮೆ ಅಲ್ಲಿಂದ ಹೊರಗೆ ಹಾಕಲಾಗಿತ್ತು ಎಂಬುದು ಅಷ್ಟಾಗಿ ಗೊತ್ತಿಲ್ಲದ ಸಂಗತಿ. ಅವರ ಮೇಲಿದ್ದ ಆರೋಪ ಸಣ್ಣದಲ್ಲ. ಅವರ ಲಸಿಕೆ 19 ಜನರ ಪ್ರಾಣ ತೆಗೆದಿದೆ ಎಂಬುದು.

ವಾಲ್ಡೆಮಾರ್ ಹಾಫ್‌ಕಿನ್ ಹುಟ್ಟಿದ್ದು 1860ರಲ್ಲಿ, ಆಗ ರಷ್ಯಾ ಸಾಮ್ರಾಜ್ಯದಲ್ಲಿದ್ದ ಒಡೆಸ್ಸಾದ ಯಹೂದಿ ಕುಟುಂಬವೊಂದರಲ್ಲಿ. ಓದಿದ್ದು ಪ್ರಾಣಿಶಾಸ್ತ್ರ, ವೈದ್ಯಕೀಯವಲ್ಲ. ಪ್ಯಾರಿಸ್ಸಿನ ಪ್ಯಾಶ್ಚರ್ ಸಂಸ್ಥೆಯಲ್ಲಿ ಕಾಲರಾ ಲಸಿಕೆ ಸಿದ್ಧಪಡಿಸಿ, 1892ರಲ್ಲಿ ಮೊದಲು ತಮ್ಮ ಮೈಗೇ ಚುಚ್ಚಿಕೊಂಡರು. ಮರುವರ್ಷ ಭಾರತಕ್ಕೆ ಬಂದರು. 1896ರಲ್ಲಿ ಮುಂಬೈಗೆ ಪ್ಲೇಗ್ ಬಿದ್ದಾಗ ಕೆಲವೇ ತಿಂಗಳಲ್ಲಿ ಅದಕ್ಕೂ ಲಸಿಕೆ ತಯಾರಿಸಿದರು. 1897ರ ಜನವರಿ 10ರಂದು ಅದನ್ನೂ ತಾವೇ ಮೊದಲು ಹಾಕಿಸಿಕೊಂಡರು. ನಮ್ಮ ಹುಬ್ಬಳ್ಳಿಯಲ್ಲಿ 1898ರ ಪ್ಲೇಗ್ ಕಾಲದಲ್ಲಿ ಸಾವಿರಾರು ಜನ ಪಡೆದದ್ದು ಇದೇ ಲಸಿಕೆಯನ್ನು.

ಇನ್ನು ಆ ದುರಂತದ ವಿಷಯ. 1902ರ ಅಕ್ಟೋಬರ್ 30ರಂದು ಪಂಜಾಬಿನ ಮಲ್ಕೋವಾಲ್ ಎಂಬ ಹಳ್ಳಿಯಲ್ಲಿ 107 ಜನರಿಗೆ ಲಸಿಕೆ ಹಾಕಲಾಯಿತು. ಆ ಊರು ಈಗ ಪಾಕಿಸ್ತಾನದಲ್ಲಿದೆ. ಕೆಲವು ದಿನ ಕಳೆದ ಮೇಲೆ ಅವರಲ್ಲಿ 19 ಜನರಿಗೆ ಧನುರ್ವಾಯು ಕಾಣಿಸಿಕೊಂಡು, ಎಲ್ಲರೂ ತೀರಿಕೊಂಡರು. ಅಂದು ಬಳಸಿದ್ದು ಐದು ಬಾಟಲಿ. ಸತ್ತ ಹತ್ತೊಂಬತ್ತೂ ಜನ ಒಂದೇ ಬಾಟಲಿಯಿಂದ ಲಸಿಕೆ ಪಡೆದವರು. ಉಳಿದ 88 ಜನರಿಗೆ ಏನೂ ಆಗಲಿಲ್ಲ.

ಧನುರ್ವಾಯುವಿನ ರೋಗಾಣು ಮಣ್ಣಿನಲ್ಲಿರುತ್ತದೆ. ಅದು ಬಾಟಲಿಯೊಳಗೆ ಹೊಕ್ಕಿತ್ತು ಎಂಬುದರಲ್ಲಿ ಯಾರಿಗೂ ಅನುಮಾನವಿರಲಿಲ್ಲ. ಹೊಕ್ಕಿದ್ದು ಎಲ್ಲಿ, ಮುಂಬೈಯ ಪ್ರಯೋಗಾಲಯದಲ್ಲೋ ಹಳ್ಳಿಯಲ್ಲೋ ಎಂಬುದೇ ಪ್ರಶ್ನೆ. ಸರ್ಕಾರ ನೇಮಿಸಿದ ಆಯೋಗ ಬಾಟಲಿ ತೆರೆಯುವ ಮೊದಲೇ ಕೆಟ್ಟಿತ್ತು ಎಂದು ತೀರ್ಮಾನಿಸಿತು. ಲಸಿಕೆ ಬೇಗ ಬೇಗ ತಯಾರಾಗಲೆಂದು ಹಾಫ್‌ಕಿನ್ ಕಾರ್ಬಾಲಿಕ್ ಆಮ್ಲ ಬೆರೆಸುವುದನ್ನು ಕೈಬಿಟ್ಟು, ಬಿಸಿಯಿಂದಲೇ ರೋಗಾಣು ಕೊಲ್ಲುವ ವಿಧಾನ ಹಿಡಿದಿದ್ದರು. ಅದೇ ಅವರ ತಪ್ಪಾಯಿತು. ಹುದ್ದೆ ಹೋಯಿತು, 1904ರಲ್ಲಿ ಅವರು ಭಾರತ ಬಿಟ್ಟರು. ಆಯೋಗದ ಕಡತ ಮತ್ತು ಸಾಕ್ಷ್ಯ ಸಾರ್ವಜನಿಕರ ಕೈ ಸೇರಿದ್ದು 1906ರ ಕೊನೆಗೆ. ಅಂದರೆ ಶಿಕ್ಷೆ ಮೊದಲು, ಪುರಾವೆ ನಾಲ್ಕು ವರ್ಷದ ಮೇಲೆ!

ಆ ಕಡತವನ್ನು ಬಿಡಿಸಿ ಓದಿದವರಿಗೆ ಬೇರೆಯೇ ಕಥೆ ಕಂಡಿತು. ಲಸಿಕೆ ಹಾಕುವ ಸ್ಥಳದಲ್ಲಿ ಸಹಾಯಕನೊಬ್ಬ ಇಕ್ಕಳವನ್ನು ನೆಲಕ್ಕೆ ಬೀಳಿಸಿ, ಕಾರ್ಬಾಲಿಕ್ ದ್ರಾವಣದಲ್ಲಿ ಒಂದು ಸಲ ಅದ್ದಿ, ಅದರಿಂದಲೇ ಆ ಬಾಟಲಿಯ ಬಿರಡೆ ತೆಗೆದಿದ್ದ. ಧನುರ್ವಾಯುವಿನ ಬೀಜಕಗಳು ಬಲು ಗಟ್ಟಿ, ಒಂದು ಅದ್ದಿಗೆಗೆ ಸಾಯುವುದಿಲ್ಲ. ಇನ್ನೊಂದು ಸುಳಿವು ವಾಸನೆಯದು. ಬಾಟಲಿಗೆ ಲಸಿಕೆ ತುಂಬಿ 41 ದಿನಗಳಾಗಿದ್ದವು. ಅಷ್ಟು ದಿನ ಒಳಗೆ ಈ ರೋಗಾಣು ಬೆಳೆದಿದ್ದರೆ ಬಿರಡೆ ತೆಗೆದ ಕೂಡಲೇ ದುರ್ವಾಸನೆ ಹೊಡೆಯಬೇಕಿತ್ತು. ತೆರೆದಾಗ ಯಾವ ವಾಸನೆಯೂ ಬರಲಿಲ್ಲ ಎಂಬುದು ಸಾಕ್ಷ್ಯದಲ್ಲೇ ಇತ್ತು. ಜೊತೆಗೆ, ವಿಷ ಮೊದಲೇ ಬಾಟಲಿಯಲ್ಲಿ ತುಂಬಿದ್ದರೆ ರೋಗ ಬಹುಬೇಗ ಕಾಣಿಸಿಕೊಳ್ಳಬೇಕಿತ್ತು. ಹಾಗಾಗಲಿಲ್ಲ. ಪಾಪ, ಆ ಸಹಾಯಕನನ್ನು ಬಯ್ದು ಫಲವಿಲ್ಲ. ಬಯಲಿನಲ್ಲಿ, ನೂರು ಜನರ ನಡುವೆ ಇಕ್ಕಳ ಯಾರ ಕೈಯಿಂದಲೂ ಜಾರೀತು.

ಮಲೇರಿಯಾ ಹರಡುವುದು ಸೊಳ್ಳೆಯಿಂದ ಎಂದು ತೋರಿಸಿ ನೊಬೆಲ್ ಪಡೆದ ರೊನಾಲ್ಡ್ ರಾಸ್, ಹಿಂದೆ ಬೆಂಗಳೂರಿನಲ್ಲೂ ವೈದ್ಯರಾಗಿದ್ದವರು, ಈ ಸಾಕ್ಷ್ಯ ಹಿಡಿದು ಪತ್ರಿಕೆಗಳಲ್ಲಿ ಬರೆದರು. ವಿಜ್ಞಾನಿಗೆ ಹೀಗಾದರೆ ಮುಂದೆ ಯಾರು ಈ ಕೆಲಸಕ್ಕೆ ಕೈಹಾಕುತ್ತಾರೆ ಎಂಬುದು ಅವರ ಚಿಂತೆ. 1907ರ ಜುಲೈಯಲ್ಲಿ ಹತ್ತು ಮಂದಿ ಹೆಸರಾಂತ ತಜ್ಞರು ಲಂಡನ್ನಿನ ಟೈಮ್ಸ್ ಪತ್ರಿಕೆಗೆ ಸಹಿ ಹಾಕಿ ಪತ್ರ ಕೊಟ್ಟರು. ವರ್ಷದ ಕೊನೆಯೊಳಗೆ ಸರ್ಕಾರ ಹಾಫ್‌ಕಿನ್‌ರನ್ನು ಮತ್ತೆ ಕೆಲಸಕ್ಕೆ ಕರೆಯಿತು.

ಇಂದು ಸರ್ಕಾರಿ ನೌಕರರನ್ನು ವಜಾ ಮಾಡುವ ಮುನ್ನ ಆರೋಪವೇನೆಂದು ತಿಳಿಸಿ, ಉತ್ತರಿಸಲು ತಕ್ಕ ಅವಕಾಶ ಕೊಡಬೇಕು ಎಂದು ನಮ್ಮ ಸಂವಿಧಾನದ 311ನೇ ವಿಧಿ ಹೇಳುತ್ತದೆ. ಅದಕ್ಕೂ ಅಪವಾದಗಳುಂಟು. ಗುತ್ತಿಗೆ ಮೇಲೆ ದುಡಿಯುವ ಆರೋಗ್ಯ ಸಿಬ್ಬಂದಿಗೆ ಅದರ ರಕ್ಷಣೆ ಸುಲಭವಾಗಿ ದಕ್ಕುವುದೂ ಇಲ್ಲ.

ಹಾಫ್‌ಕಿನ್ ಮರಳಿದ್ದು ಕಲ್ಕತ್ತಕ್ಕೆ, ಪರೇಲಿಗಲ್ಲ. ಅಲ್ಲಿನ ಕುರ್ಚಿಯಲ್ಲಿ ಆಗಲೇ ಬೇರೊಬ್ಬರಿದ್ದರು. ಅವರಿಗೆ ಸಿಕ್ಕಿದ್ದು ಸಂಶೋಧನೆಯ ಕೆಲಸ ಮಾತ್ರ. ಜನರ ಮೇಲೆ ಲಸಿಕೆ ಪರೀಕ್ಷಿಸಲು ಅನುಮತಿ ಇರಲಿಲ್ಲ. 1914ರ ಸುಮಾರಿಗೆ ನಿವೃತ್ತರಾಗಿ ಯುರೋಪಿಗೆ ಹೋದರು. 1925ರಲ್ಲಿ ಪರೇಲಿನ ಸಂಸ್ಥೆಗೆ ಅವರ ಹೆಸರಿಟ್ಟರು. ಐದು ವರ್ಷಗಳ ಮೇಲೆ, ಸ್ವಿಟ್ಜರ್ಲೆಂಡಿನ ಲೂಸಾನ್‌ನಲ್ಲಿ ಅವರು ತೀರಿಕೊಂಡರು.