ಧೂಳನ್ನು ಬೇಡಿದ ಕುದ್ಮುಲ್ ರಂಗರಾಯರು

ಎಂಬತ್ತರ ದಶಕದ ಕೊನೆಯಲ್ಲಿ ಕಂದಾಯ ಇಲಾಖೆಯ ಹೊಸ ಅಧಿಕಾರಿಯಾಗಿ ನಾನು ಹಾಸನಕ್ಕೆ ಬಂದೆ. ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ತಾಲ್ಲೂಕುಗಳ ಹಳ್ಳಿಗಳನ್ನು ಸರ್ಕಾರಿ ಜೀಪಿನಲ್ಲಿ ಸುತ್ತಿದ್ದೇನೆ. ಜೀಪಿನ ಹಿಂದೆ ಏಳುತ್ತಿದ್ದ ಧೂಳನ್ನು ನೆನೆದಾಗಲೆಲ್ಲ, ಶಿರಾಡಿ ಘಾಟಿಯ ಆಚೆ ಮಂಗಳೂರಿನಲ್ಲಿ ಬಾಳಿದ ಕುದ್ಮುಲ್ ರಂಗರಾಯರು ಕಣ್ಣಮುಂದೆ ಬರುತ್ತಾರೆ.

ರಂಗರಾಯರು 1859ರ ಜೂನ್ 29ರಂದು ಕಾಸರಗೋಡಿನ ಸಾರಸ್ವತ ಬ್ರಾಹ್ಮಣ ಕುಟುಂಬದಲ್ಲಿ ಹುಟ್ಟಿದರು. ತಂದೆಯ ಮರಣಾನಂತರ ಮಂಗಳೂರಿಗೆ ಬಂದು, ಮೊದಲು ಶಿಕ್ಷಕರಾಗಿ, ಬಳಿಕ ವಕೀಲರಾಗಿ ದುಡಿದರು. ಬ್ರಹ್ಮ ಸಮಾಜದ ವಿಚಾರಗಳು ಅವರನ್ನು ಅಸ್ಪೃಶ್ಯರ ಕೇರಿಗಳತ್ತ ಕರೆದೊಯ್ದವು. 1897ರಲ್ಲಿ ಅವರು ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಸ್ಥಾಪಿಸಿದರು. ವಿಠ್ಠಲ ರಾಮಜಿ ಶಿಂದೆಯವರು ಮುಂಬೈಯಲ್ಲಿ ಇಂತಹುದೇ ಸಂಸ್ಥೆ ಕಟ್ಟಿದ್ದು 1906ರಲ್ಲಿ.

ಅರ್ಥಶಾಸ್ತ್ರ ಓದಿದ ನನಗೆ ಅವರ ವ್ಯಾವಹಾರಿಕ ಜ್ಞಾನ ಇಂದಿಗೂ ಬೆರಗು ಹುಟ್ಟಿಸುತ್ತದೆ. ಬಡವರ ಮಗು ಶಾಲೆಗೆ ಹೋದರೆ ಮನೆಗೆ ಒಂದು ಕೂಲಿ ಕಡಿಮೆಯಾಗುತ್ತದೆ. ಇದನ್ನರಿತ ರಾಯರು ಮಕ್ಕಳಿಗೆ ಮಧ್ಯಾಹ್ನದ ಊಟವನ್ನೂ ದಿನಕ್ಕೆ ಎರಡು ಪೈಸೆಯನ್ನೂ ಕೊಟ್ಟರು. ವಿದ್ಯಾರ್ಥಿನಿಲಯ, ಕೈಕಸುಬಿನ ತರಬೇತಿ, ವಸತಿಗೆ ನಿವೇಶನ ಇವೂ ಸೇರಿಕೊಂಡವು. ಆ ನೆಲದ ಮೂಲನಿವಾಸಿಗಳಾದ ಕೊರಗರನ್ನೂ ಅವರು ಮರೆಯಲಿಲ್ಲ. ಆದರೆ ಕೊರಗರನ್ನು ಅವಮಾನಿಸುವ ಅಜಲು ಪದ್ಧತಿಯನ್ನು ನಿಷೇಧಿಸುವ ಕಾಯ್ದೆಗೆ ರಾಜ್ಯ 2000ದವರೆಗೆ ಕಾಯಬೇಕಾಯಿತು.

ಈ ಕೆಲಸಕ್ಕಾಗಿ ಸ್ವಜಾತಿಯವರ ಬಹಿಷ್ಕಾರವನ್ನು ರಾಯರು ಎದುರಿಸಬೇಕಾಯಿತು. ಆದರೂ ಹಿಂದೆಗೆಯಲಿಲ್ಲ. ಅವರ ಮಗಳು ರಾಧಾಬಾಯಿ ಅನ್ಯಜಾತಿಯ ಪಿ. ಸುಬ್ಬರಾಯನ್ ಅವರನ್ನು ವಿವಾಹವಾದರು. ಅಳಿಯ ಮುಂದೆ ಮದ್ರಾಸ್ ಪ್ರಾಂತ್ಯದ ಪ್ರಥಮ ಮಂತ್ರಿಯಾದರೆ, ಮಗಳು ದುಂಡುಮೇಜಿನ ಪರಿಷತ್ತಿನಲ್ಲಿ ಭಾಗವಹಿಸಿದರು. 1928ರ ಜನವರಿ 30ರಂದು ರಾಯರು ತೀರಿಕೊಂಡಾಗ, ಅವರ ಇಚ್ಛೆಯಂತೆ ಪೌರಕಾರ್ಮಿಕ ಸಮುದಾಯದವರು ಅಂತ್ಯಕ್ರಿಯೆ ನೆರವೇರಿಸಿದರು.

ದಲಿತರ ಮಗುವೊಂದು ಓದಿ, ಸರ್ಕಾರಿ ಹುದ್ದೆಗೇರಿ, ತನ್ನೂರಿನಲ್ಲಿ ವಾಹನದಲ್ಲಿ ಸಾಗುವಾಗ ಅದರ ಚಕ್ರದ ಧೂಳು ತಮ್ಮ ತಲೆಗೆ ತಾಗಬೇಕೆಂಬುದು ರಾಯರ ಹಂಬಲವಾಗಿತ್ತು.

ಅಂಥ ಜೀಪಿನಲ್ಲಿ ನಾನೊಮ್ಮೆ ಕುಳಿತಿದ್ದೆ. ಜೊತೆಗಿದ್ದ ಹಿರಿಯ ಅಧಿಕಾರಿ ದಲಿತರು, ಹುದ್ದೆಯಲ್ಲಿ ನನಗಿಂತ ಮೇಲಿನವರು. ಹಳ್ಳಿಯ ಪ್ರಮುಖರೊಬ್ಬರು ನನ್ನನ್ನು ನಡುಮನೆಗೆ ಕರೆದರು. ಅವರಿಗೆ ಜಗುಲಿಯಲ್ಲೇ ಕಾಫಿ ಬಂತು. ನಾನು ಒಳಗೆ ಹೋದೆ, ಕುಡಿದೆ, ಏನೂ ಹೇಳಲಿಲ್ಲ. ಮರಳುವಾಗ ಆ ಹಿರಿಯರು ಮಳೆ-ಬೆಳೆಯ ಮಾತನ್ನಷ್ಟೇ ಆಡಿದರು.

ಸಂವಿಧಾನ ಆ ಅಧಿಕಾರಿಗೆ ಜೀಪು ಕೊಟ್ಟಿತ್ತು. ಜಗುಲಿಯಲ್ಲಿ ಅವರ ಪಕ್ಕ ಕೂರುವುದು ಮಾತ್ರ ನನಗೆ ಬಿಟ್ಟ ವಿಷಯವಾಗಿತ್ತು. ಅಂದು ರಂಗರಾಯರು ಇದ್ದಿದ್ದರೆ ಎಲ್ಲಿ ಕೂರುತ್ತಿದ್ದರೆಂಬುದನ್ನು ಓದುಗರಿಗೆ ಹೇಳಬೇಕಾಗಿಲ್ಲ. ಮಂಗಳೂರಿನ ಪುರಭವನಕ್ಕೆ ಅವರ ಹೆಸರಿದೆ. ಅವರ ನಡತೆ ನಮ್ಮ ಮನೆಗಳ ಜಗುಲಿಗೆ ಬರುವುದು ಇನ್ನೂ ಬಾಕಿಯಿದೆ.