ಎರಡು ಕಾಡುಗಳನ್ನು ಕಂಡ ವೈದ್ಯ: ಡಾ. ಹೋರ್ಹೆ ಬೋಶೆಲ್

ಕ್ರಿಸ್ಮಸ್ ಹಬ್ಬದ ನಕ್ಷತ್ರಗಳನ್ನು ಮನೆಯಂಗಳದಿಂದ ಇಳಿಸುವ ಹೊತ್ತಿಗೆ ಸಾಗರ, ಹೊಸನಗರ, ತೀರ್ಥಹಳ್ಳಿ ಸೀಮೆಯ ಕುಟುಂಬಗಳಲ್ಲಿ ಹಳೆಯ ಆತಂಕವೊಂದು ಮತ್ತೆ ತಲೆಯೆತ್ತುತ್ತದೆ. ಹಾಡಿಯ ಅಂಚಿನಲ್ಲಿ ಮಂಗವೊಂದು ಸತ್ತು ಬಿದ್ದಿದೆಯೆಂಬ ಸುದ್ದಿ ಬಂದರೆ ಸಾಕು, ದರಗು ಗುಡಿಸಲು ಹೋಗುವ ತಾಯಂದಿರೂ ದನ ಹೊಡೆದುಕೊಂಡು ಬರುವ ಮಕ್ಕಳೂ ಕಣ್ಣಮುಂದೆ ಬರುತ್ತಾರೆ. ತಪಸ್ಸುಕಾಲ ಕಳೆದು, ಪಾಸ್ಖ ಹಬ್ಬವೂ ಮುಗಿದು, ಮಳೆ ಹಿಡಿಯುವವರೆಗೆ ಈ ಭಯ ತಪ್ಪಿದ್ದಲ್ಲ. ಇದಕ್ಕೆ ನಾವು ಮಂಗನ ಕಾಯಿಲೆ ಎಂದು ಹೆಸರಿಟ್ಟಿದ್ದೇವೆ. ಆದರೆ ತಪ್ಪು ಮಂಗನದಲ್ಲ ಎಂಬುದನ್ನು ನಮ್ಮ ಕಾಡುಗಳಲ್ಲೇ ನಡೆದಾಡಿ ತಿಳಿದವರಲ್ಲಿ ಒಬ್ಬರು ಬಹು ದೂರದ ದೇಶದಿಂದ ಬಂದಿದ್ದರು. ವೈದ್ಯವಿಜ್ಞಾನದ ಇತಿಹಾಸದಲ್ಲಿ ಹೆಸರಾದ ಆ ವೈದ್ಯರು ಡಾ. ಹೋರ್ಹೆ ಬೋಶೆಲ್ ಮಾನ್ರಿಕೆ. ಅವರು ಗತಿಸಿ ದಶಕಗಳೇ ಸಂದಿವೆ. ಅವರು ಕಲಿಸಿದ ಪಾಠ ಮಾತ್ರ ಇನ್ನೂ ನಮ್ಮ ಬಾಗಿಲಲ್ಲೇ ನಿಂತಿದೆ.

ಬೋಶೆಲ್ ದಕ್ಷಿಣ ಅಮೆರಿಕದ ಕೊಲಂಬಿಯಾದವರು. ಕಥೋಲಿಕ ವಿಶ್ವಾಸಿಗಳೇ ಬಹುಸಂಖ್ಯೆಯಲ್ಲಿರುವ ಆ ನಾಡನ್ನು ಪೀತಜ್ವರವೆಂಬ ಮಾರಿ ಶತಮಾನಗಳಿಂದ ಕಾಡುತ್ತಿತ್ತು. ಈ ರೋಗವನ್ನು ಹರಡುವುದು ಸೊಳ್ಳೆಯೆಂದು ಕ್ಯೂಬಾದ ವೈದ್ಯರಾದ ಕಾರ್ಲೋಸ್ ಫಿನ್ಲೆ 1881ರಲ್ಲಿ ಸೂಚಿಸಿದ್ದರು. 1900ರಲ್ಲಿ ವಾಲ್ಟರ್ ರೀಡ್ ಅವರ ತಂಡ ಅದನ್ನು ಪ್ರಯೋಗಗಳಿಂದ ದೃಢಪಡಿಸಿತು. ಮನೆಯ ನೀರಿನ ತೊಟ್ಟಿಗಳಲ್ಲಿ ಹುಟ್ಟುವ ಆ ಸೊಳ್ಳೆಯನ್ನು ನಿಗ್ರಹಿಸಿದ ಪಟ್ಟಣಗಳಲ್ಲಿ ರೋಗ ಹಿಮ್ಮೆಟ್ಟಿತು. ಇನ್ನು ಪೀತಜ್ವರದ ಕಥೆ ಮುಗಿಯಿತೆಂದೇ ಅನೇಕರು ನಂಬಿದ್ದರು. ಆದರೆ 1930ರ ದಶಕದಲ್ಲಿ ಆ ಸೊಳ್ಳೆಯ ಸುಳಿವೇ ಇಲ್ಲದ ಕಾಡಂಚಿನ ಊರುಗಳಲ್ಲಿ ಜನರು ಅದೇ ಜ್ವರದಿಂದ ಸಾಯುತ್ತಿರುವುದು ಬೆಳಕಿಗೆ ಬಂತು. ಕಾಯಿಲೆ ಬೀಳುತ್ತಿದ್ದವರು ಹೆಚ್ಚಾಗಿ ಕಾಡಿನಲ್ಲಿ ದುಡಿಯುವ ಗಂಡಸರು. ಮನೆಯಲ್ಲಿರುತ್ತಿದ್ದ ಹೆಂಗಸರಿಗೂ ಮಕ್ಕಳಿಗೂ ಅದು ಅಷ್ಟಾಗಿ ತಗಲುತ್ತಿರಲಿಲ್ಲ. ಏಕೆ?

ಈ ಪ್ರಶ್ನೆಯನ್ನು ಹೊತ್ತು ಬೋಶೆಲ್ ಆಂಡಿಸ್ ಪರ್ವತಗಳ ಪೂರ್ವ ತಪ್ಪಲಿನ ಕಾಡುಗಳಲ್ಲಿ ಅಲೆದರು. ಒಂದು ದಿನ ಮರ ಕಡಿಯುವವರು ದೊಡ್ಡ ಮರವೊಂದನ್ನು ಉರುಳಿಸುವಾಗ ಅವರು ಅಲ್ಲಿಯೇ ನಿಂತಿದ್ದರು. ಮರ ನೆಲಕ್ಕೆ ಬಿದ್ದೊಡನೆ ಅದರ ತುದಿಯ ಕೊಂಬೆಗಳಿಂದ ಮಿರುಗುವ ನೀಲಿ ಬಣ್ಣದ ಸೊಳ್ಳೆಗಳ ಹಿಂಡು ಎದ್ದು ಕೆಲಸಗಾರರನ್ನು ಮುತ್ತಿಕೊಂಡಿತು. ಬೋಶೆಲ್ ಅವರಿಗೆ ಬಹುಕಾಲದ ಒಗಟು ಅಲ್ಲಿ ಬಿಡಿಸಿತು. ಹೀಮಗೋಗಸ್ ಎಂಬ ಆ ಸೊಳ್ಳೆಗಳು ಎತ್ತರದ ಮರಗಳ ನೆತ್ತಿಯಲ್ಲಿ ಮಂಗಗಳ ರಕ್ತ ಹೀರಿ ಬದುಕುವಂಥವು. ಸಾಮಾನ್ಯವಾಗಿ ಅವು ಮನುಷ್ಯನ ಬಳಿ ಬರುವುದಿಲ್ಲ. ಮನುಷ್ಯನು ಮರವನ್ನು ಉರುಳಿಸಿದಾಗ ಮೇಲಿದ್ದ ರೋಗ ಕೆಳಗಿಳಿಯುತ್ತದೆ. ಆ ಬಳಿಕ ಸಂಶೋಧಕರು ಮರಗಳ ಮೇಲೆ ಅಟ್ಟಣಿಗೆ ಕಟ್ಟಿ, ಬೇರೆ ಬೇರೆ ಎತ್ತರಗಳಲ್ಲಿ ಸೊಳ್ಳೆಗಳನ್ನು ಹಿಡಿದು ಪರೀಕ್ಷಿಸಿದರು. ಪೂರ್ವ ಕೊಲಂಬಿಯಾದ ಈ ಅಧ್ಯಯನದ ವಿವರಗಳನ್ನು ಬೋಶೆಲ್ ಮತ್ತು ಅವರ ಸಂಗಡಿಗರು 1944ರಲ್ಲಿ ಪ್ರಕಟಿಸಿದರು. ಮುಂದೆ ರೋಗವು ಮಧ್ಯ ಅಮೆರಿಕದ ಕಾಡುಗಳತ್ತ ಸಾಗಿದಾಗ ಅವರು ಅದರ ಹಿಂದೆಯೇ ಗ್ವಾಟೆಮಾಲದವರೆಗೂ ಹೋದರು.

ನಮ್ಮ ಅರಿವೆಲ್ಲವೂ ಇಂದ್ರಿಯಗಳಿಂದಲೇ ಮೊದಲಾಗುತ್ತದೆಂದು ಸಂತ ಥಾಮಸ್ ಅಕ್ವಿನಾಸರು ಬೋಧಿಸಿದರು. ಮರ ಉರುಳುವುದನ್ನು ನೋಡಿದವರು ಸಾವಿರಾರು ಮಂದಿ. ಕಂಡದ್ದರಲ್ಲಿ ಕಾರಣವನ್ನು ಗುರುತಿಸಿದವರು ವಿರಳ. ಪುಸ್ತಕದಲ್ಲಿ ಸಿಗದ ಸತ್ಯವನ್ನು ಕೂಲಿಯವರ ಪಕ್ಕದಲ್ಲಿ ನಿಂತು ಪಡೆದದ್ದು ಬೋಶೆಲ್ ಅವರ ದೊಡ್ಡತನ.

ಇತ್ತ 1957ರ ಮಾರ್ಚ್ ತಿಂಗಳಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಿನ ಸುತ್ತಮುತ್ತ ಮಂಗಗಳು ಸಾಲುಸಾಲಾಗಿ ಸಾಯತೊಡಗಿದವು. ಅದರೊಂದಿಗೆ ಹಳ್ಳಿಗರೂ ತೀವ್ರ ಜ್ವರದಿಂದ ಹಾಸಿಗೆ ಹಿಡಿದರು. ಪುಣೆಯ ವೈರಸ್ ಸಂಶೋಧನಾ ಕೇಂದ್ರಕ್ಕೆ ಸುದ್ದಿ ಮುಟ್ಟಿದಾಗ ವಿಜ್ಞಾನಿಗಳು ಬೆಚ್ಚಿದರು. ಮಂಗಗಳ ಸಾವೆಂದರೆ ಪೀತಜ್ವರದ ಲಕ್ಷಣ. ಆ ರೋಗವಾದರೋ ಭಾರತಕ್ಕೆ ಎಂದೂ ಕಾಲಿಟ್ಟಿರಲಿಲ್ಲ. ಟೆಲ್ಫರ್ಡ್ ವರ್ಕ್, ಹೆರಾಲ್ಡ್ ಟ್ರಾಪಿಡೊ ಮೊದಲಾದವರು ನಡೆಸಿದ ಪರೀಕ್ಷೆಯಿಂದ ಇದು ಪೀತಜ್ವರವಲ್ಲ, ಜಗತ್ತು ಅದುವರೆಗೆ ಕಾಣದಿದ್ದ ಹೊಸ ರೋಗವೆಂದೂ ಉಣುಗುಗಳಿಂದ ಹರಡುವಂಥದ್ದೆಂದೂ ತಿಳಿದುಬಂತು. ನಮ್ಮ ಮಲೆನಾಡಿನ ಪುಟ್ಟ ಹಳ್ಳಿಯೊಂದರ ಹೆಸರು ಹೀಗೆ ವೈದ್ಯಗ್ರಂಥಗಳನ್ನು ಸೇರಿತು.

ಕಾಡಿನ ಜ್ವರಗಳನ್ನು ಬಲ್ಲ ಬೋಶೆಲ್ 1960ರ ದಶಕದಲ್ಲಿ ಈ ಶೋಧನೆಗೆ ಕೈಜೋಡಿಸಿದರು. ಸಾಗರದಲ್ಲಿ ಪುಣೆಯ ಕೇಂದ್ರದ ಕ್ಷೇತ್ರಠಾಣೆಯಿತ್ತು. ಅತ್ತ ಶರಾವತಿಗೆ ಲಿಂಗನಮಕ್ಕಿಯಲ್ಲಿ ಅಣೆಕಟ್ಟು ಏಳುತ್ತಿದ್ದ ಕಾಲವದು. ಕರಾವಳಿಯಿಂದ ಘಟ್ಟ ಹತ್ತಿ ಬಂದ ನಮ್ಮ ಹಿರಿಯರು ಈ ಸೀಮೆಯಲ್ಲಿ ಬೇರೂರುತ್ತಿದ್ದರು. ಬೋಶೆಲ್ ಅವರು ಪಿ. ಕೆ. ರಾಜಗೋಪಾಲನ್, ಎಂ. ಕೆ. ಗೋವರ್ಧನ್, ಖುರ್ಷಿದ್ ಪಾವ್ರಿ ಮುಂತಾದ ಭಾರತೀಯ ವಿಜ್ಞಾನಿಗಳೊಡನೆ ಸಾಗರ–ಸೊರಬದ ಕಾಡುಗಳನ್ನು ಶೋಧಿಸಿದರು. ಕೊಲಂಬಿಯಾದಲ್ಲಿ ಮರದ ತುದಿಯನ್ನು ನೋಡಿದ್ದವರು ಇಲ್ಲಿ ನೆಲವನ್ನು ನೋಡಬೇಕಾಯಿತು. ಕಾಡಿಲಿ, ಸುಂಡಿಲಿಗಳಂಥ ಸಣ್ಣ ಜೀವಿಗಳನ್ನು ಹಿಡಿದು ಪರೀಕ್ಷಿಸಿದಾಗ, 1961ರಿಂದ 1964ರ ಅವಧಿಯಲ್ಲಿ ಅವುಗಳಿಂದಲೂ ವೈರಾಣು ದೊರೆಯಿತು. ಮನುಷ್ಯನ ಕಣ್ಣಿಗೆ ಬೀಳದೆ, ದರಗಿನ ಅಡಿಯಲ್ಲಿ, ಇಲಿಗೂ ಉಣುಗಿಗೂ ನಡುವೆ ಅದು ಸದ್ದಿಲ್ಲದೆ ಸುತ್ತುತ್ತಿತ್ತು. ಈ ಕೆಲಸ ಸುರಕ್ಷಿತವೇನೂ ಆಗಿರಲಿಲ್ಲ; ಆ ವರ್ಷಗಳಲ್ಲಿ ಸಂಶೋಧನೆಯಲ್ಲಿ ತೊಡಗಿದ್ದ ಸಿಬ್ಬಂದಿಯಲ್ಲೇ ಹಲವರಿಗೆ ಸೋಂಕು ತಗುಲಿತ್ತು.

ಹಾಗಾದರೆ ಸದ್ದಿಲ್ಲದ ಈ ವೈರಾಣು ಊರಿಗೆ ಬಂದದ್ದು ಹೇಗೆ? 1969ರಲ್ಲಿ ಬರೆದ ಪ್ರಬಂಧದಲ್ಲಿ ಬೋಶೆಲ್ ಇದನ್ನೇ ವಿಚಾರಮಾಡಿದರು. ಉಣುಗಿನ ಮರಿ ಸಣ್ಣ ಪ್ರಾಣಿಗಳ ರಕ್ತ ಹೀರುತ್ತದೆ. ಸ್ವಲ್ಪ ಬೆಳೆದ ಮೇಲೆ ಮಂಗನಿಗೂ ಮನುಷ್ಯನಿಗೂ ಅಂಟುತ್ತದೆ. ಪೂರ್ಣ ಬೆಳೆದ ಉಣುಗಿಗೆ ದೊಡ್ಡ ಪ್ರಾಣಿಯ ರಕ್ತ ಬೇಕು. ಜನ ಹೆಚ್ಚಿ, ಗದ್ದೆಗಾಗಿಯೂ ತೋಟಕ್ಕಾಗಿಯೂ ಕಾಡು ತುಂಡುತುಂಡಾಗಿ, ದನಗಳು ಅಲ್ಲಿ ಮೇಯತೊಡಗಿದಾಗ ಉಣುಗಿಗೆ ಆಹಾರ ಹೇರಳವಾಯಿತು. ದನಕ್ಕೆ ಕಾಯಿಲೆ ಬಾರದಿದ್ದರೂ ಅದರ ಮೈಮೇಲೆ ಕೊಬ್ಬಿದ ಉಣುಗು ನೆಲಕ್ಕುದುರಿ ಸಾವಿರಾರು ಮೊಟ್ಟೆಗಳನ್ನಿಡುತ್ತದೆ. ಸೋಂಕು ತಗಲಿ ಮಂಗ ಸತ್ತುಬಿದ್ದರೆ ಅದರ ಮೈಯ ಉಣುಗುಗಳು ಅಲ್ಲಿಯೇ ಚೆದರುತ್ತವೆ. ಸೊಪ್ಪಿನ ಬೆಟ್ಟಕ್ಕೆ ಹೋದ ಬಡವನ ಕಾಲಿಗೆ ಅವು ಹತ್ತುತ್ತವೆ.

ತರ್ಕಶಾಸ್ತ್ರದಲ್ಲಿ ಹತ್ತಿರದ ಕಾರಣ, ದೂರದ ಕಾರಣ ಎಂಬ ಭೇದವುಂಟು. ಈ ಕಾಯಿಲೆಗೆ ಹತ್ತಿರದ ಕಾರಣ ಉಣುಗು. ಮಂಗವು ನಮ್ಮಂತೆಯೇ ಅದಕ್ಕೆ ಬಲಿಯಾದ ಜೀವಿ. ದೂರದ ಕಾರಣವನ್ನು ಹುಡುಕುತ್ತ ಹೋದರೆ ನಾವು ಕಡೆಗೆ ನಮ್ಮ ಹಿತ್ತಿಲಿಗೇ ಬಂದು ನಿಲ್ಲುತ್ತೇವೆ. 1980ರ ದಶಕದ ಆರಂಭದಲ್ಲಿ ಬೆಳ್ತಂಗಡಿ ತಾಲೂಕಿನಲ್ಲಿ ಗೇರು ತೋಟಕ್ಕಾಗಿ ಕಾಡು ಕಡಿದ ಪ್ರದೇಶದಲ್ಲಿ ಇದೇ ರೋಗ ಉಲ್ಬಣಿಸಿತು. ಬೋಶೆಲ್ ಅವರ ಎಚ್ಚರಿಕೆ ಹುಸಿಯಾಗಿರಲಿಲ್ಲ. 2018ರ ಕೊನೆಯಿಂದ 2019ರವರೆಗೆ ಸಾಗರ ತಾಲೂಕಿನ ಅರಳಗೋಡು ಭಾಗದ ಮನೆಗಳು ಅನುಭವಿಸಿದ ದುಃಖವನ್ನು ನಾವಾರೂ ಮರೆತಿಲ್ಲ.

ಇದನ್ನು ಬರೆಯುವುದು ಯಾರನ್ನೂ ದೂಷಿಸಲಿಕ್ಕಲ್ಲ. ಹಸಿವಿನಿಂದ ಘಟ್ಟ ಹತ್ತಿದವರು ಹೊಟ್ಟೆಪಾಡಿಗಾಗಿಯೇ ನೆಲ ಹಸನುಮಾಡಿದರು. ಅಡಿಕೆ ತೋಟಕ್ಕೆ ಸೊಪ್ಪು ಬೇಕು, ಕೊಟ್ಟಿಗೆಗೆ ದರಗು ಬೇಕು. ಆದರೆ ದೇವರು ಮನುಷ್ಯನಿಗೆ ಏದೆನ್ ತೋಟವನ್ನು ಒಪ್ಪಿಸಿದಾಗ ದುಡಿಮೆಯೊಂದಿಗೆ ಕಾಪಾಡುವ ಹೊಣೆಯನ್ನೂ ಒಪ್ಪಿಸಿದರೆಂದು ಆದಿಕಾಂಡ ತಿಳಿಸುತ್ತದೆ. ಜಗದ್ಗುರು ಫ್ರಾನ್ಸಿಸರು 2015ರ ತಮ್ಮ ವಿಶ್ವಪರಿಪತ್ರದಲ್ಲಿ ಭೂಮಿಯ ನೋವನ್ನೂ ಬಡವರ ನೋವನ್ನೂ ಬೇರ್ಪಡಿಸಲಾಗದೆಂದು ತೋರಿಸಿಕೊಟ್ಟರು. ಕಾಡಿಗೆ ಆದ ಗಾಯಕ್ಕೆ ಮೊದಲು ಬೆಲೆ ತೆರುವವರು ಕೂಲಿಗೆ ದರಗು ಗುಡಿಸುವವರೇ ಎಂಬುದನ್ನು ಮಲೆನಾಡಿನವರಾದ ನಾವು ಬಲ್ಲೆವು.

ಬೋಶೆಲ್ ಅವರನ್ನು ಸ್ಮರಿಸುವ ಉತ್ತಮ ದಾರಿಯೆಂದರೆ ಅವರಂತೆ ಕಣ್ತೆರೆದು ನಡೆಯುವುದು. 1990ರಿಂದ ಬಳಕೆಯಲ್ಲಿದ್ದ ಲಸಿಕೆಯನ್ನು, ಅದರ ಶಕ್ತಿ ಸಾಲದೆಂದು ಕಂಡುಬಂದ ಕಾರಣ, 2022ರಲ್ಲಿ ನಿಲ್ಲಿಸಲಾಯಿತು. ಈ ರೋಗಕ್ಕೆಂದೇ ಇರುವ ಔಷಧಿಯೂ ಇಲ್ಲ; ಸೋಂಕಿತರಲ್ಲಿ ನೂರಕ್ಕೆ ಮೂರರಿಂದ ಐವರು ತೀರಿಕೊಳ್ಳುತ್ತಾರೆ. ಆದುದರಿಂದ ಸತ್ತ ಮಂಗನನ್ನು ಕಂಡರೆ ಹತ್ತಿರ ಹೋಗದೆ ಆರೋಗ್ಯ ಸಿಬ್ಬಂದಿಗೆ ತಿಳಿಸಬೇಕು. ಕಾಡಿಗೆ ಹೋಗುವ ಮುನ್ನ ಉಣುಗು ಕಚ್ಚದಂತೆ ತಡೆಯುವ ತೈಲ ಹಚ್ಚಿಕೊಂಡು, ಮೈತುಂಬ ಬಟ್ಟೆ ತೊಡಬೇಕು. ಬಂದೊಡನೆ ಬಿಸಿನೀರಿನಲ್ಲಿ ಸೋಪು ಹಚ್ಚಿ ಮೀಯಬೇಕು. ಜ್ವರ ಬಂದರೆ ಒಂದು ದಿನವನ್ನೂ ಕಳೆಯದೆ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಹೋಗಬೇಕು. ನಮ್ಮ ಮನೆಯ ಕೂಲಿಯಾಳಿಗೂ ತೈಲ ಸಿಕ್ಕಿದೆಯೇ ಎಂದು ವಿಚಾರಿಸುವುದು ನೆರೆಯವರ ಪ್ರೀತಿಯ ಒಂದು ಭಾಗವೇ ಆಗಿದೆ.

ಸಾಗರದ ಕಾಡಿನಲ್ಲಿ ನಡೆದಾಡಿದ ಆ ಪರದೇಶದ ವೈದ್ಯರಿಗೆ ನಮ್ಮ ಭಾಷೆ ಬೇರೆ, ನಮ್ಮ ಊಟ ಬೇರೆ. ಆದರೂ ನಮ್ಮ ಬಡವರ ಜ್ವರದ ಮೂಲವನ್ನು ಅವರು ತಮ್ಮ ಊರಿನದೆಂಬಂತೆ ಹುಡುಕಿದರು. ಈ ಬಾರಿ ಬಲಿಪೂಜೆಯಲ್ಲಿ ಮಂಗನ ಕಾಯಿಲೆಯಿಂದ ಮೃತರಾದವರನ್ನು ನೆನೆಯುವಾಗ, ಅವರಿಗಾಗಿ ದುಡಿದ ಈ ಸಂಶೋಧಕರನ್ನೂ ಪ್ರಾರ್ಥನೆಯಲ್ಲಿ ನೆನೆಯೋಣ.