ಸೊನ್ನಲಿಗೆಯ ಶ್ರೀ ಸಿದ್ಧರಾಮ ಶಿವಯೋಗಿಗಳು

ದೇವಾಲಯದ ಜೀರ್ಣೋದ್ಧಾರದ ಈ ಪುಣ್ಯಾವಸರದಲ್ಲಿ ದೇವಾಲಯಗಳನ್ನು ಕಟ್ಟಿಸಿದ ಮಹನೀಯರನ್ನು ಸ್ಮರಿಸುವುದು ಉಚಿತವೇ ಸರಿ. ಆದರೆ ಗುಡಿ ಕೆರೆಗಳನ್ನು ಕಟ್ಟಿಸುವುದರಲ್ಲಿಯೇ ಆಯುಷ್ಯದ ಬಹುಭಾಗವನ್ನು ಸವೆಸಿ, ತರುವಾಯ ತಮ್ಮೊಳಗೇ ಇನ್ನೊಂದು ಗುಡಿ ಉಂಟೆಂಬುದನ್ನು ಕಂಡುಕೊಂಡ ಮಹಾತ್ಮರ ಚರಿತ್ರೆಯು ಇಂತಹ ಸಮಯದಲ್ಲಿ ಇನ್ನೂ ಹೆಚ್ಚು ಮನನೀಯವಾದುದು. ಅಂಥವರೊಬ್ಬರು ನಮ್ಮ ಸೀಮೆಯಲ್ಲಿಯೇ ಆಗಿಹೋದರು. ಇಂದಿನ ಸೋಲಾಪುರವು 12ನೆಯ ಶತಮಾನದಲ್ಲಿ ಸೊನ್ನಲಿಗೆ ಎಂದು ಕರೆಯಲ್ಪಡುತ್ತಿದ್ದಿತು. ಆ ಸೊನ್ನಲಿಗೆಯನ್ನು ಕ್ಷೇತ್ರವನ್ನಾಗಿ ಮಾಡಿದವರೇ ಸಿದ್ಧರಾಮ ಶಿವಯೋಗಿಗಳು.

ಅವರ ಬಾಲ್ಯದ ಕಥೆಯನ್ನು ರಾಘವಾಂಕ ಕವಿಯು ತನ್ನ ಸಿದ್ಧರಾಮ ಚಾರಿತ್ರದಲ್ಲಿ ಹಾಡಿದ್ದಾನೆ. ತಂದೆ ಮುದ್ದುಗೌಡ, ತಾಯಿ ಸುಗ್ಗವ್ವೆ. ಒಕ್ಕಲುತನದ ಮನೆ. ಇಂತಹ ಮಗನು ಹುಟ್ಟುವನೆಂದು ರೇವಣಸಿದ್ಧರು ಮೊದಲೇ ಸೂಚಿಸಿದ್ದರೆಂದು ಪ್ರತೀತಿ. ಆದರೆ ಹುಟ್ಟಿದ ಮಗುವು ಮಾತು ಕಡಿಮೆಯಾಗಿ, ಲೋಕದ ಆಟಪಾಟಗಳಲ್ಲಿ ಮನಸ್ಸಿಲ್ಲದೆ ಬೆಳೆಯಿತು. ಜನರು ಮಂದಮತಿಯೆಂದರು; ಹೆತ್ತವರು ದನಕರು ಕಾಯಲು ಹೊಲಕ್ಕೆ ಕಳುಹಿದರು.

ಒಂದು ದಿನ ಆ ಹೊಲಕ್ಕೆ ಜಂಗಮನೊಬ್ಬನು ಬಂದನು. ಹೆಸರು ಮಲ್ಲಯ್ಯ, ಊರು ಶ್ರೀಶೈಲ. ಹಸಿವೆಂದ ಅತಿಥಿಗೆ ಬಾಲಕನು ಎಳೆಯ ತೆನೆಗಳನ್ನು ಸುಟ್ಟು, ನಮ್ಮ ಕಡೆ ಸೀತನಿ ಎನ್ನುತ್ತೇವಲ್ಲ, ಅದನ್ನು ತಿನ್ನಕೊಟ್ಟನು. ಅದನ್ನುಂಡ ಜಂಗಮನು ಒಡಲು ಉರಿಯುತ್ತಿದೆ, ಮೊಸರನ್ನ ಬೇಕು ಎಂದನು. ಬಾಲಕನು ಮನೆಗೆ ಓಡಿ, ತಾಯಿಯಿಂದ ಮೊಸರನ್ನವನ್ನು ಪಡೆದು, ಏದುಸಿರು ಬಿಡುತ್ತ ಮರಳಿ ಬಂದು ನೋಡಿದರೆ ಹೊಲದಲ್ಲಿ ಯಾರೂ ಇಲ್ಲ. ಮಲ್ಲಯ್ಯಾ ಮಲ್ಲಯ್ಯಾ ಎಂದು ಕೂಗುತ್ತ, ಅಳುತ್ತ, ಆ ಹುಡುಗನು ಯಾತ್ರಿಕರ ಗುಂಪನ್ನು ಹಿಡಿದು ಶ್ರೀಶೈಲಕ್ಕೇ ಹೋದನು. ಅಲ್ಲಿ ಜನರು ಮಲ್ಲಿಕಾರ್ಜುನ ಲಿಂಗವನ್ನು ತೋರಿಸಿ, ಇವನೇ ಮಲ್ಲಯ್ಯನೆಂದರು. ತನ್ನ ಕೈಯಿಂದ ಸೀತನಿ ತಿಂದವನು ಇವನಲ್ಲವೆಂದು ಹುಡುಗನು ಒಪ್ಪಲಿಲ್ಲ. ಮೊಸರನ್ನ ಹಿಡಿದುಕೊಂಡೇ ಬೆಟ್ಟವನ್ನೆಲ್ಲ ಅಲೆದು, ಕೊನೆಗೆ ಆಳವಾದ ಕಮರಿಗೆ ಬೀಳಲು ಸಿದ್ಧನಾದಾಗ ಆ ಜಂಗಮನೇ ಕೈಹಿಡಿದು ಎತ್ತಿದನೆಂದು ಕಥೆ. ಈ ಭಾಗವನ್ನು ಓದುವಾಗ ಕಣ್ಣು ತೇವವಾಗದವರು ವಿರಳ. ಕಲ್ಲಿನ ಲಿಂಗದೆದುರು ನಿಂತು, ತನ್ನ ಮಲ್ಲಯ್ಯನು ಇವನಲ್ಲವೆಂದ ಆ ಹಟವೇ ಮುಂದೆ ಬರಲಿದ್ದ ಜೀವನದ ಬೀಜವೆಂದು ನನಗೆ ತೋರುತ್ತದೆ.

ಸೊನ್ನಲಿಗೆಗೆ ಹಿಂದಿರುಗಿ ಅದನ್ನು ಎರಡನೆಯ ಶ್ರೀಶೈಲವನ್ನಾಗಿ ಮಾಡೆಂಬುದು ಮಲ್ಲಿಕಾರ್ಜುನನ ಅಪ್ಪಣೆಯಾಯಿತು. ರಾಣಿ ಚಾಮಲದೇವಿಯು ಭೂಮಿಯನ್ನು ಕೊಟ್ಟಳು. ಸಿದ್ಧರಾಮರು ಮಲ್ಲಿಕಾರ್ಜುನನ ಗುಡಿಯನ್ನು ಕಟ್ಟಿಸಿದರು. ಊರಿನ ಸುತ್ತಲೂ 68 ಲಿಂಗಗಳನ್ನು ಪ್ರತಿಷ್ಠಿಸಿದರು. ದೊಡ್ಡ ಕೆರೆಯನ್ನು ತೋಡಿಸಿದರು. ನಮ್ಮದು ಮಳೆಯನ್ನು ನಂಬಿದ ಬರದ ಸೀಮೆ. ಗ್ರಾಮದ ಲೆಕ್ಕಪತ್ರಗಳಲ್ಲಿಯೇ ಬಾಳು ಕಳೆದ ನನಗೆ, ಇಂತಹ ನೆಲದಲ್ಲಿ ಒಂದು ಕೆರೆಯೆಂದರೆ ಏನೆಂಬುದು ಚೆನ್ನಾಗಿ ಗೊತ್ತು: ಬಾವಿಗೆ ನೀರು, ದನಕ್ಕೆ ಮೇವು, ಗುಳೆ ಹೋಗದೆ ಊರಲ್ಲಿ ಉಳಿಯುವ ಮನೆಗಳು. ಸಿದ್ಧರಾಮರು ಮೇಲೆ ಕುಳಿತು ಅಪ್ಪಣೆ ಕೊಡುವವರಾಗಿರಲಿಲ್ಲ. ಮಣ್ಣು ಹೊರುವವರ ನಡುವೆಯೇ ಅವರ ವಾಸ. ಅವರ ಕೀರ್ತಿಯು ನಾಲ್ದೆಸೆಗೂ ಹಬ್ಬಿತು.

ಆಗ ಬಂದರು ಅಲ್ಲಮಪ್ರಭುಗಳು. ಈ ಪ್ರಸಂಗವನ್ನು ವಿಸ್ತಾರವಾಗಿ ಹೇಳುವ ಗ್ರಂಥ ಶೂನ್ಯಸಂಪಾದನೆ. ಕೆರೆಯ ಏರಿಯ ಬಳಿ ನಿಂತು ಪ್ರಭುಗಳು, ಆ ಒಡ್ಡರಾಮನೆಲ್ಲಿ ಎಂದು ಕೇಳಿದರು. ಇಡೀ ಊರು ದೇವರೆಂದು ಪೂಜಿಸುವವರನ್ನು ಮಣ್ಣು ಅಗೆಯುವ ರಾಮನೆಂದು ಕರೆದದ್ದನ್ನು ಕೇಳಿ ಕೆಲಸದವರು ಸಿಟ್ಟಾಗಿ ಕಲ್ಲೆಸೆದರು. ಎಸೆದ ಕಲ್ಲುಗಳು ಪ್ರಭುಗಳನ್ನು ಮುಟ್ಟದೆ ಸುತ್ತಲೂ ಗುಡ್ಡೆಯಾಗಿ ಬಿದ್ದವು. ಸುದ್ದಿ ತಿಳಿದು ಬಂದ ಸಿದ್ಧರಾಮರಿಗೂ ಕೋಪ ತಡೆಯಲಾಗಲಿಲ್ಲ. ಅವರು ಹಣೆಗಣ್ಣನ್ನು ತೆರೆದರು. ಅದರ ಬೆಂಕಿಯು ಪ್ರಭುಗಳನ್ನು ಬಿಟ್ಟು ಸೊನ್ನಲಿಗೆಯನ್ನೇ ಸುಡತೊಡಗಿತು. ಅದನ್ನು ಆರಿಸಿದವರು ಪ್ರಭುಗಳೇ. ತಾನು ಕಟ್ಟಿದ ಊರನ್ನು ತನ್ನ ಸಿಟ್ಟೇ ಸುಡುವುದನ್ನು ಕಂಡ ಮೇಲೆ ಸಿದ್ಧರಾಮರ ಶಿರಸ್ಸು ಬಾಗಿತು.

ಪ್ರಭುಗಳು ಇಷ್ಟು ಕಠೋರವಾಗಿ ಮಾತನಾಡಬೇಕಿತ್ತೇ ಎಂದು ಕೆಲವರು ಕೇಳುವುದುಂಟು. ಮೆತ್ತಗೆ ಹೇಳಿದ್ದರೆ ಆ ಕೋಪವು ಹೊರಬೀಳುತ್ತಿರಲಿಲ್ಲ. ಹೊರಬೀಳದೆ ಅದರ ಬೇರು ಕಾಣುತ್ತಿರಲಿಲ್ಲ. ಲೋಕಹಿತಕ್ಕಾಗಿ ಕಟ್ಟಿದ ಕೆರೆ ನಿಜ, ಆದರೆ ಕಟ್ಟಿದವನು ನಾನೆಂಬ ಭಾವವು ಏರಿಯ ಕೆಳಗೆ ಅವಿತಿದ್ದಿತು. ನಮ್ಮ ಜೀರ್ಣೋದ್ಧಾರ ಸಮಿತಿಯ ಸಭೆಗಳಲ್ಲಿ ದಾನಿಗಳ ಶಿಲಾಫಲಕದ ಮೇಲೆ ಯಾರ ಹೆಸರು ಮೊದಲು ಬರಬೇಕೆಂಬ ಚರ್ಚೆಗೆ ಎಷ್ಟು ಹೊತ್ತು ಸಂದಿತೆಂಬುದನ್ನು ಸಭಾಸದರು ಬಲ್ಲರು, ಹೆಚ್ಚು ಬರೆಯಲಾರೆ. ಒಂದು ಮಾತನ್ನು ಮಾತ್ರ ಇಲ್ಲಿ ಸೇರಿಸಬೇಕು. ಮಣ್ಣಿನ ಕಾಯಕದ ಭೋವಿ ಸಮಾಜದವರು ಸಿದ್ಧರಾಮರನ್ನು ತಮ್ಮ ಕುಲಗುರುವೆಂದು ಪೂಜಿಸುತ್ತಾರೆ. ಹೀನಾಯವೆಂದು ಕೆಲಸದವರು ಕೆರಳಿದ ಆ ಹೆಸರೇ ಹೀಗೆ ಗೌರವದ ಹೆಸರಾಯಿತು.

ಪ್ರಭುಗಳು ಸಿದ್ಧರಾಮರನ್ನು ಕಲ್ಯಾಣಕ್ಕೆ ಕರೆದೊಯ್ದರು. ಬಿಜ್ಜಳನ ಆಳ್ವಿಕೆಯ ಆ ಪಟ್ಟಣದಲ್ಲಿ ಬಸವಣ್ಣನವರ ನೇತೃತ್ವದಲ್ಲಿ ಹೊಸದೊಂದು ಧರ್ಮಮಾರ್ಗವು ರೂಪುಗೊಳ್ಳುತ್ತಿದ್ದಿತು. ದೇಹವೇ ದೇಗುಲ, ಒಳಗಿರುವ ಚೈತನ್ಯವನ್ನೇ ಗುರುವು ಇಷ್ಟಲಿಂಗದ ರೂಪದಲ್ಲಿ ಅಂಗೈಗೆ ಇಡುತ್ತಾನೆ, ಅದರಲ್ಲಿ ದೃಷ್ಟಿಯನ್ನು ನಿಲ್ಲಿಸಿ ತನ್ನನ್ನು ತಾನು ನೋಡಿಕೊಳ್ಳುವುದೇ ಪೂಜೆ. ಇದಕ್ಕೆ ಕುಲ ಬೇಡ, ಐಶ್ವರ್ಯ ಬೇಡ, ನಡುವೆ ಪೂಜಾರಿ ಬೇಡ. ಮಾದಾರನೂ ಮಡಿವಾಳನೂ ಹೆಂಗಸರೂ ಅಲ್ಲಿ ಸಮಾನವಾಗಿ ಕುಳಿತು ತಮ್ಮ ಅನುಭವವನ್ನು ನುಡಿದರು. 68 ಲಿಂಗಗಳನ್ನು ನೆಟ್ಟವರಿಗೆ ಅಂಗೈಯ ಒಂದೇ ಲಿಂಗವನ್ನು ಒಪ್ಪುವುದು ಸುಲಭವಾಗಲಿಲ್ಲ. ಯೋಗಮಾರ್ಗದಲ್ಲಿ ಪಳಗಿದ ಅವರು ಹೊರಗಿನ ಕುರುಹು ಏಕೆಂದು ವಾದಿಸಿದರು. ಕಡೆಗೆ ಚೆನ್ನಬಸವಣ್ಣನವರಿಂದ ದೀಕ್ಷೆಯನ್ನು ಪಡೆದರೆಂಬುದು ಪರಂಪರೆ. ಈ ದೀಕ್ಷೆಯ ವಿಷಯದಲ್ಲಿ ಪಂಡಿತರಲ್ಲಿ ಭಿನ್ನಾಭಿಪ್ರಾಯವುಂಟು. ವಯಸ್ಸಿನಲ್ಲಿ ಕಿರಿಯರಾದ ಚೆನ್ನಬಸವಣ್ಣನವರ ಮುಂದೆ ಇಷ್ಟು ಕೀರ್ತಿವಂತರು ಶಿಷ್ಯರಾಗಿ ಕುಳಿತರೆಂಬ ಸಂಗತಿಯೇ ಭಕ್ತರಿಗೆ ಮುಖ್ಯ.

ಕಪಿಲಸಿದ್ಧಮಲ್ಲಿಕಾರ್ಜುನ ಎಂಬ ಅಂಕಿತದಲ್ಲಿ ಅವರ ವಚನಗಳು ಸಾವಿರಕ್ಕೂ ಮಿಕ್ಕು ಉಳಿದಿವೆ. ಹೆಣ್ಣನ್ನು ಮಾಯೆಯೆಂದು ಜರೆಯುವವರ ನಡುವೆ ಆಕೆಯಲ್ಲಿ ತಮ್ಮ ದೈವವನ್ನೇ ಕಂಡವರು ಅವರು. ಅಲ್ಲಮಪ್ರಭು ಮತ್ತು ಚೆನ್ನಬಸವಣ್ಣನವರ ತರುವಾಯ ಶೂನ್ಯಸಿಂಹಾಸನದ ಮೂರನೆಯ ಅಧ್ಯಕ್ಷರಾದರೆಂದು ಶರಣ ಸಂಪ್ರದಾಯವು ಅವರನ್ನು ಎಣಿಸುತ್ತದೆ. ಗಮನಿಸಬೇಕಾದುದೆಂದರೆ, ಒಳಗಿನ ಗುಡಿಯನ್ನು ಕಂಡ ಮೇಲೆ ಅವರು ಹೊರಗಿನ ಗುಡಿಯನ್ನು ಕೆಡವಲಿಲ್ಲ, ಕೆರೆಯನ್ನು ಮುಚ್ಚಲಿಲ್ಲ. ಸೊನ್ನಲಿಗೆಗೇ ಮರಳಿ ಅಲ್ಲಿಯೇ ಸಮಾಧಿಸ್ಥರಾದರು.

ಸೋಲಾಪುರವು 1956ರಲ್ಲಿ ದ್ವಿಭಾಷಾ ಮುಂಬಯಿ ರಾಜ್ಯದಲ್ಲಿ ಉಳಿದು, 1960ರಲ್ಲಿ ಮಹಾರಾಷ್ಟ್ರಕ್ಕೆ ಸೇರಿತು. ಸಿದ್ಧೇಶ್ವರನ ಜಾತ್ರೆಗೆ ಈ ಗಡಿಯ ಅರಿವಿಲ್ಲ. ಮಕರಸಂಕ್ರಾಂತಿಯ ಸಮಯದಲ್ಲಿ ಏಳು ನಂದಿಧ್ವಜಗಳು ಹೊರಡುತ್ತವೆ. ಶಿವಯೋಗಿಗಳನ್ನು ವರಿಸಬಯಸಿದ ಕುಂಬಾರ ಕನ್ಯೆಗೆ ಅವರ ಯೋಗದಂಡದೊಡನೆ ವಿವಾಹವಾಯಿತೆಂಬ ಕಥೆಯನ್ನು ನೆನೆದು ಸಮ್ಮತಿಕಟ್ಟೆಯಲ್ಲಿ ಅಕ್ಷತೆ ಹಾಕುತ್ತಾರೆ. ಅದರ ಹಿಂದಿನ ದಿನ 68 ಲಿಂಗಗಳಿಗೂ ತೈಲಾಭಿಷೇಕ. ಮರಾಠಿ ಬಂಧುಗಳು ಅದನ್ನು ಯಣ್ಣೀಮಜ್ಜನ ಎನ್ನುತ್ತಾರೆ. ನಮ್ಮ ಎಣ್ಣೆಮಜ್ಜನವೇ ಅದು. ಮುಂದಿನ ಸಂಕ್ರಾಂತಿಗೆ ಹೋಗುವ ಭಕ್ತರು, ಮೊದಲು ಕೆರೆಯ ದಂಡೆಯಲ್ಲಿ ಕ್ಷಣಕಾಲ ನಿಂತು, ಬಳಿಕ ಗುಡಿಯನ್ನು ಪ್ರವೇಶಿಸಿ ಸಮಾಧಿಯ ದರ್ಶನ ಪಡೆಯಬೇಕಾಗಿ ವಿನಂತಿ.